ಇಲ್ಲದ ದೇಶದ ಮೊಹರು

ಮೊನ್ನೆ ದೋಹಾದ ಅಲ್ ಮನ್ಸೂರಾ ಬಡಾವಣೆಯಲ್ಲಿರುವ ಹಮೀದಣ್ಣನ ಟೈಪಿಂಗ್ ಸೆಂಟರಿಗೆ ಹೋಗಿದ್ದೆ. ಮಗಳ ವೀಸಾದ ಅರ್ಜಿಯೊಂದನ್ನು ತುಂಬಿಸಬೇಕಿತ್ತು. ಬಾಗಿಲು ತಳ್ಳಿದ ಕೂಡಲೇ ನೇರಳೆ ಶಾಯಿಯ ವಾಸನೆ ಮೂಗಿಗೆ ಬಡಿಯಿತು. ಈಗ ಎಲ್ಲ ಕೆಲಸವೂ ಕಂಪ್ಯೂಟರಿನಲ್ಲೇ ಮುಗಿಯುತ್ತದೆ. ಆದರೂ ಹಮೀದಣ್ಣ ತನ್ನ ಹಳೆಯ ಸ್ಟ್ಯಾಂಪ್ ಪ್ಯಾಡಿಗೆ ವಾರಕ್ಕೊಮ್ಮೆ ಶಾಯಿ ಹನಿಸುವುದನ್ನು ಬಿಟ್ಟಿಲ್ಲ. ನನ್ನ ಮುಖ ನೋಡಿದವನೇ, "ಎಂತ ಇಂಜಿನಿಯರ್ರೆ, ಆ ಹೆಂಗಸಿನ ನೆನಪಾಯ್ತಾ?" ಅಂದ. ಸರದಿಯಲ್ಲಿದ್ದ ಇಬ್ಬರು ತಿರುಗಿ ನನ್ನನ್ನೇ ನೋಡಿದರು. ಅವರು ಏನೆಂದುಕೊಂಡರೋ ದೇವರಿಗೇ ಗೊತ್ತು. ನಾನು ಅವಳ ಮುಖವನ್ನೇ ನೋಡಿಲ್ಲ ಎಂದು ಅವರಿಗೆ ಹೇಗೆ ಹೇಳುವುದು?

ಮೂರು ಚಳಿಗಾಲಗಳ ಹಿಂದಿನ ಮಾತು. ಕತಾರಿನಲ್ಲಿ ಚಳಿಗಾಲವೆಂದರೆ ಮಂಜು. ಬೇಸಿಗೆಯೆಲ್ಲ ಮೈ ಸುಟ್ಟ ಗಾಳಿ ಡಿಸೆಂಬರಿನ ಬೆಳಗಿನ ಜಾವ ಸಮುದ್ರದ ಕಡೆಯಿಂದ ತಣ್ಣಗೆ ಬಂದು ನೆಲದ ಮೇಲೆ ಕುಳಿತುಬಿಡುತ್ತದೆ. ನಾನು ಕೆಲಸ ಮಾಡುವ ಮೆಸಯೀದಿನ ಕಾರ್ಖಾನೆಗೆ ನಮ್ಮ ಕಂಪನಿ ವಸತಿಯಿಂದ ಐದೂವರೆಗೆ ಬಸ್ಸು. ಆ ವರ್ಷ ಮಂಜು ವಿಪರೀತವಾಗಿತ್ತು. ಬಸ್ಸಿನ ಕಿಟಕಿಯಿಂದ ಚಿಮಣಿ ಕಾಣುತ್ತಿರಲಿಲ್ಲ, ಟ್ಯಾಂಕುಗಳು ಕಾಣುತ್ತಿರಲಿಲ್ಲ, ಅನಿಲ ಉರಿಸುವ ಜ್ವಾಲೆಯೊಂದೇ ಬುಡವಿಲ್ಲದೆ ಆಕಾಶದಲ್ಲಿ ನೇತಾಡುತ್ತಿತ್ತು. ಇಪ್ಪತ್ತು ವರ್ಷದಿಂದ ನೋಡಿದ ಬೆಂಕಿ ಅದು, ಅದರ ಕೆಳಗಿನ ಒಂದೊಂದು ಬೆಸುಗೆಯನ್ನೂ ತಪಾಸಣೆ ಮಾಡಿದವನು ನಾನೇ. ಆದರೂ ಆ ಬೆಳಗುಗಳಲ್ಲಿ ಅದರ ಕಡೆ ನೋಡಲು ಮನಸ್ಸಾಗುತ್ತಿರಲಿಲ್ಲ.

ಊರಿನಲ್ಲಿ, ಮೂಲ್ಕಿಯ ಆಚೆ, ನನ್ನನ್ನು ಇವತ್ತಿಗೂ ರಷ್ಯಾ ವಾಮನ ಎಂದೇ ಕರೆಯುತ್ತಾರೆ. ನಾನು ಓದಿದ್ದು ರಷ್ಯಾದಲ್ಲಲ್ಲ. ಸೋವಿಯತ್ ಒಕ್ಕೂಟದ ಸ್ಕಾಲರ್‌ಶಿಪ್ಪಿನಲ್ಲಿ ವೆಲ್ಡಿಂಗ್ ಇಂಜಿನಿಯರಿಂಗ್ ಕಲಿಯಲು ಹೋದ ನನ್ನನ್ನು ಹಾಕಿದ್ದು ಉಕ್ರೇನಿನ ಪೂರ್ವದ ಒಂದು ಗಣಿ ಪಟ್ಟಣಕ್ಕೆ. ಆಗ ಎಲ್ಲವೂ ಒಂದೇ ದೇಶ, ನಮ್ಮವರ ಬಾಯಲ್ಲಿ ಎಲ್ಲವೂ ರಷ್ಯಾ. ನಾನು ಕೊನೆಯ ವರ್ಷದಲ್ಲಿದ್ದಾಗ ಆ ದೇಶ ಮುಗಿಯಿತು. ಡಿಸೆಂಬರಿನ ಒಂದು ಸಂಜೆ ಹಾಸ್ಟೆಲಿನ ಟಿವಿಯಲ್ಲಿ ಬಾವುಟ ಇಳಿಸುವುದನ್ನು ನೋಡಿ, ಮಾರನೆಯ ಬೆಳಿಗ್ಗೆ ಎಂದಿನಂತೆ ಲೋಹಶಾಸ್ತ್ರದ ಕ್ಲಾಸಿಗೆ ಹೋದೆವು. ಪ್ರೊಫೆಸರರು ಹಾಜರಿ ಕರೆದರು. ನಾವು ಯಾವ ದೇಶದ ವಿದ್ಯಾರ್ಥಿಗಳು ಎಂದು ಅವರೂ ಹೇಳಲಿಲ್ಲ, ನಾವೂ ಕೇಳಲಿಲ್ಲ.

ಡಿಪ್ಲೊಮಾ ಕೊಡುವ ಹೊತ್ತಿಗೆ ಜೂನ್ ಬಂದಿತ್ತು. ಹೊಸ ದೇಶದ ಹೊಸ ನಮೂನೆಗಳು ಅಚ್ಚಾಗಿರಲಿಲ್ಲ. ಡೀನ್ ಆಫೀಸಿನವರು ಕಾದು ಕಾದು ಬೇಸತ್ತು, ಕಪಾಟಿನಲ್ಲಿ ಉಳಿದಿದ್ದ ಸೋವಿಯತ್ ಲಾಂಛನದ ಹಳೆಯ ನಮೂನೆಗಳಲ್ಲೇ ನಮ್ಮ ಹೆಸರು ಬರೆದು, ಹಳೆಯ ದುಂಡು ಮೊಹರನ್ನೇ ಒತ್ತಿ ಕೊಟ್ಟರು. ದೇಶ ಸತ್ತು ಆರು ತಿಂಗಳಾಗಿತ್ತು. ಸತ್ತ ಮೇಲೆ ಅದು ನನಗೆ ಸಹಿ ಹಾಕಿ ಕೊಟ್ಟ ಕಾಗದವನ್ನು ಹಿಡಿದುಕೊಂಡು ನಾನು ಮೂವತ್ತು ವರ್ಷ ಅನ್ನ ತಿಂದೆ.

ಆ ಚಳಿಗಾಲದಲ್ಲಿ ನಮ್ಮ ಕಂಪನಿ ಹೊಸ ನಿಯಮ ತಂದಿತು. ಇಂಜಿನಿಯರ್ ಎಂಬ ಹುದ್ದೆ ಇರುವವರೆಲ್ಲರ ಪದವಿಯನ್ನು, ಕೊಟ್ಟ ಸಂಸ್ಥೆಯಿಂದಲೇ ಖಾತರಿ ಮಾಡಿಸಬೇಕು. ಮಾರ್ಚ್ ಕೊನೆಯೊಳಗೆ ಆಗದಿದ್ದರೆ ಹುದ್ದೆ ಹೋಗುತ್ತದೆ, ಹುದ್ದೆಯ ಜೊತೆ ವೀಸಾ, ವೀಸಾದ ಜೊತೆ ಮನೆ. ಮಗಳು ನಿಧಿ ಹನ್ನೆರಡನೆಯ ಕ್ಲಾಸಿನಲ್ಲಿದ್ದಳು, ಮಾರ್ಚಿನಲ್ಲೇ ಬೋರ್ಡ್ ಪರೀಕ್ಷೆ. ಎಚ್‌ಆರ್‌ನ ಶ್ರೀವತ್ಸ ಮೈಸೂರಿನವನು, ಒಳ್ಳೆಯವನು. "ಸರ್, ನನ್ ಕೈಲಿ ಏನೂ ಇಲ್ಲ. ಪೋರ್ಟಲ್ ಗ್ರೀನ್ ತೋರಿಸ್ಬೇಕು ಅಷ್ಟೇ. ರೆಡ್ ಅಂದ್ರೆ ಖಲಾಸ್," ಅಂದ.

ಅರ್ಜಿ ತುಂಬಲು ಕುಳಿತವಳು ನಿಧಿ. "ಪಪ್ಪಾ, ಕಂಟ್ರಿ ಲಿಸ್ಟಲ್ಲಿ ಯುಎಸ್‌ಎಸ್‌ಆರ್ ಇಲ್ಲ," ಅಂದಳು.

"ಸರಿ ನೋಡು ಮಗಾ."

"ನೋಡ್ದೆ. ಉಗಾಂಡಾ ಉಂಟು, ಉರುಗ್ವೆ ಉಂಟು. ನಿಂದು ನಹಿ ಹೈ."

ನನ್ನ ಹಳೆಯ ಫೈಲಿನಲ್ಲಿ ಅದಕ್ಕೊಂದು ಉತ್ತರವಿತ್ತು. ಮೊದಲ ಸಲ ಕತಾರಿಗೆ ಬಂದಾಗ ಇದೇ ತಕರಾರು ಎದ್ದಿತ್ತು. ಆಗ ಹಮೀದಣ್ಣ ಒಂದು ಉಪಾಯ ಮಾಡಿದ್ದ. ನಮ್ಮಲ್ಲಿ ರೇಷನ್ ಕಾರ್ಡಿನಲ್ಲಿ ಒಂದು ಹೆಸರು, ಮಾರ್ಕ್ಸ್ ಕಾರ್ಡಿನಲ್ಲಿ ಇನ್ನೊಂದು ಹೆಸರು ಇದ್ದರೆ, ಇಬ್ಬರೂ ಒಬ್ಬನೇ ವ್ಯಕ್ತಿ ಎಂದು ಅಫಿಡವಿಟ್ ಮಾಡಿಸುವುದಿಲ್ಲವೇ? ಹಾಗೆಯೇ, 'ಸದರಿ ಸೋವಿಯತ್ ಒಕ್ಕೂಟ ಮತ್ತು ಸದರಿ ರಷ್ಯಾ ಎಂಬುವು ಒಂದೇ ದೇಶ' ಎಂದು ಹಮೀದಣ್ಣ ಟೈಪಿಸಿದ್ದ, ನಾನು ಪ್ರಮಾಣ ಮಾಡಿ ಸಹಿ ಹಾಕಿದ್ದೆ. ನಾನು ಓದಿದ ಊರು ರಷ್ಯಾದಲ್ಲಿಲ್ಲ ಎನ್ನುವುದು ಇಬ್ಬರಿಗೂ ಹೊಳೆದಿರಲಿಲ್ಲ. ರಷ್ಯಾ ವಾಮನ ಅಂದಮೇಲೆ ರಷ್ಯಾ, ಮುಗಿಯಿತು. ಈಗ ಆ ಊರಿಗಾಗಿಯೇ ಎರಡು ದೇಶಗಳು ಹೊಡೆದಾಡುತ್ತಿದ್ದವು, ನನ್ನ ಸಹಿ ಮಾತ್ರ ಫೈಲಿನಲ್ಲಿ ತೆಪ್ಪಗೆ ಮಲಗಿತ್ತು.

ಖಾತರಿ ಮಾಡುವ ಏಜೆನ್ಸಿ ರಷ್ಯಾಕ್ಕೆ ಬರೆಯಿತು. ಇಂಥ ಸಂಸ್ಥೆ ನಮ್ಮ ಆ ಕಾಲದ ಪಟ್ಟಿಯಲ್ಲಿಲ್ಲ ಎಂದು ಉತ್ತರ ಬಂತು. ಆಮೇಲೆ ಗೊತ್ತಾಯಿತು, ನಾನು ಓದಿದ ಸಂಸ್ಥೆ ಈಗ ಎರಡಾಗಿದೆ. ಯುದ್ಧಕ್ಕೆ ಹೆದರಿ ಉಕ್ರೇನಿನ ಪಶ್ಚಿಮಕ್ಕೆ ಓಡಿದ್ದು ಒಂದು, ಹಳೆಯ ಜಾಗದಲ್ಲೇ ಹೊಸ ಬಾವುಟದಡಿ ನಡೆಯುವುದು ಇನ್ನೊಂದು. ಎರಡಕ್ಕೂ ಒಂದೇ ಹೆಸರು. ಒಬ್ಬರ ಕಾನೂನಿನ ಪ್ರಕಾರ ಇನ್ನೊಬ್ಬರು ಇಲ್ಲವೇ ಇಲ್ಲ. ಓಡಿಬಂದವರು, ಹಳೆಯ ದಾಖಲೆ ನಮ್ಮ ಬಳಿ ಇಲ್ಲ, ಮೂಲ ರಿಜಿಸ್ಟರಿನ ಪುಟ ಸಿಕ್ಕರೆ ಖಾತರಿ ಕೊಡುತ್ತೇವೆ ಎಂದರು. ಅಲ್ಲೇ ಉಳಿದವರು ಉತ್ತರಿಸಲೇ ಇಲ್ಲ. ಪೋರ್ಟಲಿನಲ್ಲಿ ನನ್ನ ಹೆಸರಿನ ಮುಂದೆ ಒಂದು ಟಿಪ್ಪಣಿ ಬಂತು: ಪ್ರಮಾಣಪತ್ರದ ದಿನಾಂಕದಂದು ಪ್ರಮಾಣಪತ್ರ ಕೊಟ್ಟ ದೇಶ ಅಸ್ತಿತ್ವದಲ್ಲಿರಲಿಲ್ಲ, ಸ್ಪಷ್ಟಪಡಿಸಿ. ಅದನ್ನು ಓದಿ ಮೊದಲು ನಕ್ಕೆ. ಆಮೇಲೆ ನಿಜವಾಗಿ ಭಯವಾಯಿತು.

ನಿಧಿ ನನ್ನ ಹೆಸರು, ಇಸವಿ, ಫೋನ್ ನಂಬರನ್ನು ಆ ಸಂಸ್ಥೆಯ ಹಳೆಯ ವಿದ್ಯಾರ್ಥಿಗಳ ಒಂದು ಗುಂಪಿನಲ್ಲಿ ಹಾಕಿದಳು. ಹತ್ತು ದಿನ ಕಳೆಯಿತು. ಜನವರಿಯ ಒಂದು ಬೆಳಿಗ್ಗೆ, ಬಸ್ಸು ಮಂಜಿನಲ್ಲಿ ತೆವಳುತ್ತಿದ್ದಾಗ, ಗೊತ್ತಿಲ್ಲದ ನಂಬರಿನಿಂದ ಕರೆ ಬಂತು. ಹೆಂಗಸಿನ ದನಿ, ವಯಸ್ಸಾದದ್ದು. ಹಲೋ ಇಲ್ಲ, ಪರಿಚಯ ಇಲ್ಲ.

"ವಾಮನ್. ಕೋಣೆ ನಾನೂರ ಹನ್ನೆರಡು. ಕಿಟಕಿ ಪಕ್ಕದ ಮಂಚ."

ರಷ್ಯನ್ ಭಾಷೆ. ಮೂವತ್ತು ವರ್ಷ ಕೇಳದ ಭಾಷೆ ಕಿವಿಯೊಳಗೆ ಸೀದಾ ಹೋಗಿ ಅರ್ಥವಾಗಿಬಿಟ್ಟಿತು, ಅದೇ ನನಗೆ ಹೆದರಿಕೆ. ಯಾರು ಎಂದು ತಡವರಿಸಿದೆ.

"ಗಲೀನಾ. ದಾಖಲೆ ಕೋಣೆ. ನಿನ್ನ ಫೈಲು ನನ್ನ ಮುಂದಿದೆ. ಹೊರಡುವಾಗ ಒಂದು ಕಂಬಳಿ ವಾಪಸು ಕೊಟ್ಟಿಲ್ಲ ನೀನು."

ದಾಖಲೆ ಕೋಣೆಯ ಕಿಂಡಿ ನೆನಪಾಯಿತು. ಕಿಂಡಿಯ ಆಚೆ ಎರಡು ಕೈಗಳು, ಬೆರಳ ತುದಿಗಳಲ್ಲಿ ನೇರಳೆ ಶಾಯಿ. ಮುಖ ಯಾವತ್ತೂ ಕಂಡಿರಲಿಲ್ಲ, ಕಿಂಡಿ ಅಷ್ಟು ತಗ್ಗಿನಲ್ಲಿತ್ತು. ಆಗಲೇ ಅವಳಿಗೆ ನಲವತ್ತು ದಾಟಿರಬೇಕು. ನೀವು ಎಲ್ಲಿಂದ ಮಾತಾಡುತ್ತಿದ್ದೀರಿ ಎಂದು ಕೇಳಿದೆ. "ಎಲ್ಲಿದ್ದೆನೋ ಅಲ್ಲಿಂದಲೇ. ದೇಶಗಳು ಬಂದು ಹೋದವು, ನಾನು ಎಲ್ಲಿಗೂ ಹೋಗಿಲ್ಲ," ಅಂದಳು. ಹಿಂದೆ ಎಲ್ಲೋ ನೀರು ತೊಟ್ಟಿಕ್ಕುತ್ತಿತ್ತು. ಪುಟ ಮಗುಚುವ ಸದ್ದು ಸ್ಪಷ್ಟವಾಗಿ ಕೇಳಿಸಿತು.

ಆಮೇಲೆ ಅವಳ ಕರೆ ಬಂದದ್ದೆಲ್ಲ ಬೆಳಗಿನ ಜಾವಕ್ಕೇ, ಮಂಜು ಕವಿದ ದಿನಗಳಲ್ಲೇ. ಅಲ್ಲಿ ಕರೆಂಟು ಬರುವ ಹೊತ್ತು ಅದು, ಬೇರೆ ಏನೂ ಇಲ್ಲ ಎಂದು ನನಗೆ ನಾನೇ ಸಮಾಧಾನ ಹೇಳಿಕೊಂಡೆ. ಯಾವ ಪರೀಕ್ಷೆಯಲ್ಲಿ ಎಷ್ಟು ಅಂಕ, ಯಾವ ವಾರ ಜ್ವರವೆಂದು ಮಲಗಿದ್ದೆ, ಗೋಡೆ ಪತ್ರಿಕೆಗೆ ಏನು ಬರೆದು ಬೈಸಿಕೊಂಡಿದ್ದೆ, ಎಲ್ಲವನ್ನೂ ಓದಿ ಹೇಳುತ್ತಿದ್ದಳು. ನಾನು ಮರೆತಿದ್ದ ನನ್ನನ್ನು ಒಬ್ಬಳು ಹಾಳು ಕಟ್ಟಡವೊಂದರಲ್ಲಿ ಕೂತು ಕಾಯುತ್ತಿದ್ದಳಲ್ಲ ಎನಿಸುತ್ತಿತ್ತು. ಪಕ್ಕದ ಸೀಟಿನವರೆಲ್ಲ ನಿದ್ದೆಯಲ್ಲಿರುತ್ತಿದ್ದರು.

ಮೂರನೆಯ ಕರೆಯಲ್ಲಿ ಡಿಪ್ಲೊಮಾ ರಿಜಿಸ್ಟರ್ ಸಿಕ್ಕಿತು ಅಂದಳು. ನನಗೆ ಕುಣಿಯಬೇಕೆನಿಸಿತು.

"ನಿನ್ನ ಸಾಲು ಇದೆ. ಪಡೆದುಕೊಂಡ ಸಹಿಯೂ ಇದೆ," ಎಂದಳು. "ಕೆಳಗಿನ ಸಾಲಿನಲ್ಲೂ ನಿನ್ನದೇ ಸಹಿ ಇದೆಯಲ್ಲ, ವಾಮನ್."

ಕೆಳಗಿನ ಸಾಲು ಸಾಲಿಂನದು.

ಸಾಲಿಂ ನನ್ನ ರೂಮ್‌ಮೇಟ್, ಬಾಗಿಲ ಪಕ್ಕದ ಮಂಚದವನು. ದಕ್ಷಿಣ ಯೆಮೆನಿನ ಏಡನ್ ಬಂದರಿನವನು. ಅದೂ ಕಮ್ಯುನಿಸ್ಟರ ದೇಶವೇ, ಅವನು ಓದುತ್ತಿರುವಾಗಲೇ ಉತ್ತರದ ಯೆಮೆನಿನೊಳಗೆ ಸೇರಿ ಮಾಯವಾಗಿತ್ತು. ಅವನ ಪಾಸ್‌ಪೋರ್ಟು ನನ್ನ ಡಿಪ್ಲೊಮಾಕ್ಕಿಂತ ಮೊದಲೇ ಅನಾಥ. ಅವನು ನನಗಿಂತ ಎಷ್ಟೋ ಜಾಣ. ಬೆಸುಗೆಯ ಒತ್ತಡದ ಲೆಕ್ಕಗಳನ್ನು ನನಗೆ ಕಲಿಸಿದವನು ಅವನೇ, ನಾನು ಅವನಿಗೆ ಒಗ್ಗರಣೆ ಹಾಕುವುದನ್ನು ಕಲಿಸಿದ್ದೆ. ಅಂತಿಮ ಪರೀಕ್ಷೆ ಮುಗಿದ ಮೂರನೆಯ ದಿನ ಅವನ ರಾಯಭಾರ ಕಚೇರಿ ಮುಚ್ಚುವವರಿದ್ದರು, ಅವರು ಕೊಟ್ಟ ಕೊನೆಯ ವಿಮಾನದ ಟಿಕೆಟ್ ಅದೊಂದು ದಿನಕ್ಕೆ ಮಾತ್ರ. "ಡಿಪ್ಲೊಮಾ ನೀನು ತೆಗೆದುಕೋ. ಊರು ಮುಟ್ಟಿದ ಮೇಲೆ ಕಳಿಸಿಕೊಡು," ಎಂದು ವಿಳಾಸ ಬರೆದುಕೊಟ್ಟು ಹೋದ. ಅವನ ಪರವಾಗಿ ಸಹಿ ಹಾಕಿ ಎರಡೂ ಡಿಪ್ಲೊಮಾಗಳನ್ನು ತಂದೆ.

ಕಳಿಸಲು ಹೋಗಿದ್ದು ನಿಜ. ಮಂಗಳೂರಿನ ಅಂಚೆ ಕಚೇರಿಯಲ್ಲಿ ಗುಮಾಸ್ತರು ಲಕೋಟೆ ನೋಡಿ, "ಈ ಹೆಸರಿನ ದೇಶ ನಮ್ಮ ಲಿಸ್ಟಿನಲ್ಲಿ ಇಲ್ಲ ಮಾರಾಯ್ರೆ," ಎಂದು ಹಿಂದೆ ಕೊಟ್ಟರು. ಸಾಲಿಂ ಬರೆದಿದ್ದು ಹಳೆಯ ದೇಶದ ಹೆಸರು. ಅದನ್ನು ಹೊಡೆದು ಬರೀ ಯೆಮೆನ್ ಎಂದು ಬರೆದರೆ ಸಾಕಿತ್ತು. ನಾಳೆ ಬರುತ್ತೇನೆ ಎಂದು ಬಂದವನು ಹೋಗಲಿಲ್ಲ. ಕೆಲಸ ಹುಡುಕುವ ಗಡಿಬಿಡಿ. ಎರಡು ವರ್ಷಕ್ಕೆ ಏಡನಿನಲ್ಲಿ ಯುದ್ಧ. ಆಮೇಲೆ ಮದುವೆ, ಕತಾರ್, ಮಗಳು. ಅವನು ನಕಲು ಪ್ರತಿ ಮಾಡಿಸಿಕೊಂಡಿರುತ್ತಾನೆ ಬಿಡು ಎಂದುಕೊಂಡೆ. ಹಾಗೆ ಎಂದುಕೊಂಡದ್ದು ನನ್ನ ಅನುಕೂಲಕ್ಕೆ. ಲಕೋಟೆ ಮಾತ್ರ ನನ್ನ ಜೊತೆಗೇ ಮನೆಯಿಂದ ಮನೆಗೆ ಬಂತು. ಯೆಮೆನ್ ಇಲ್ಲಿಗೆ ಹತ್ತಿರ, ಯಾರ ಕೈಯಲ್ಲಾದರೂ ಕೊಟ್ಟು ಕಳಿಸಬಹುದು ಎಂದು ಕತಾರಿಗೂ ತಂದಿದ್ದೆ. ಈಗ ಅದು ನನ್ನ ಡಿಪ್ಲೊಮಾದ ಅಡಿಯಲ್ಲಿ, ಅದೇ ಪ್ಲಾಸ್ಟಿಕ್ ಫೈಲಿನಲ್ಲಿತ್ತು.

"ಅವನಿಗೆ ನಕಲು ಕೊಟ್ಟಿರಲ್ಲವೇ?" ಎಂದು ಗಲೀನಾಳನ್ನು ಕೇಳಿದೆ.

"ಹೇಗೆ ಕೊಡುವುದು? ರಿಜಿಸ್ಟರಿನಲ್ಲಿ ಪಡೆದುಕೊಂಡ ಸಹಿ ಇದೆ. ಕಾನೂನು ಹಳೆಯದಾಗಲಿ ಹೊಸದಾಗಲಿ, ಕೊಟ್ಟದ್ದನ್ನು ಕೊಟ್ಟಿಲ್ಲ ಎನ್ನಲು ಬರುವುದಿಲ್ಲ. ಅವನು ವರ್ಷ ವರ್ಷ ಪತ್ರ ಬರೆದ. ನನಗೆ ಸಿಕ್ಕಿಲ್ಲ, ನನಗೆ ಸಿಕ್ಕಿಲ್ಲ ಎಂದು. ಕೊಡಲಾಗಿದೆ ಎಂದು ನಾವು ವರ್ಷ ವರ್ಷ ಉತ್ತರ ಬರೆದೆವು. ನಾನೇ ಟೈಪು ಮಾಡಿದ್ದು. ಸುಳ್ಳುಗಾರ ಎಂದುಕೊಂಡಿದ್ದೆ. ನಿನ್ನ ವಿಳಾಸವನ್ನೂ ಕೇಳಿದ್ದ. ಕೊಡುವ ಹಾಗಿರಲಿಲ್ಲ."

ಕಿಟಕಿಯ ಹೊರಗೆ ಆ ಜ್ವಾಲೆ ನೇತಾಡುತ್ತಲೇ ಇತ್ತು. ನಾಚಿಕೆಯಾಯಿತು. ಆದರೆ ಆ ಕ್ಷಣದಲ್ಲಿ ನನ್ನ ಬಾಯಿಂದ ಬಂದ ಮಾತನ್ನು ಇಲ್ಲಿ ಬರೆಯದೆ ಹೋದರೆ ಈ ಬರಹಕ್ಕೆ ಅರ್ಥವಿಲ್ಲ. ಇಬ್ಬರ ಡಿಪ್ಲೊಮಾಕ್ಕೆ ಒಬ್ಬನೇ ಸಹಿ ಎಂದು ಕಂಡರೆ ಏಜೆನ್ಸಿಯವರು ನನ್ನದನ್ನೂ ಸಂಶಯಿಸುತ್ತಾರೆ, ಪರೀಕ್ಷೆಯ ಮಧ್ಯೆ ಮಗಳನ್ನು ಕಟ್ಟಿಕೊಂಡು ಊರಿಗೆ ಹೊರಡಬೇಕಾಗುತ್ತದೆ ಎನ್ನುವುದಷ್ಟೇ ತಲೆಯಲ್ಲಿತ್ತು. "ನನ್ನ ಸಾಲು ಮಾತ್ರ ಫೋಟೋ ತೆಗೆದು ಕಳಿಸಬಹುದೇ? ಕೆಳಗಿನದರ ಮೇಲೆ ಒಂದು ಕಾಗದ ಇಟ್ಟು?" ಎಂದೆ.

ಲೈನ್ ಕಡಿದಿರಲಿಲ್ಲ, ನೀರಿನ ತೊಟ್ಟಿನ ಸದ್ದು ಕೇಳುತ್ತಿತ್ತು. ಬಸ್ಸು ಗೇಟಿನ ಹತ್ತಿರ ಬಂತು. ಎಲ್ಲರೂ ಎದ್ದು ಇಳಿದರು. "ಯಲ್ಲಾ, ಸಾಬ್," ಎಂದು ಡ್ರೈವರ್ ಅವಸರಿಸಿದ. ನಾನು ಇಳಿದು ಮಂಜಿನಲ್ಲಿ ಫೋನ್ ಹಿಡಿದು ನಿಂತೆ.

"ಇಲ್ಲಿ ಮೂರು ಸಲ ಅಧಿಕಾರಿಗಳು ಬಂದು ಇಂಥಿಂಥ ಸಾಲು ಮುಚ್ಚು ಎಂದಿದ್ದಾರೆ," ಎಂದಳು ಕೊನೆಗೆ. "ಮೂರು ಬೇರೆ ಬೇರೆ ಬಾವುಟದವರು. ಯಾರಿಗೂ ಮುಚ್ಚಿಲ್ಲ. ಪುಟ ಬೇಕಾದರೆ ಇಡೀ ಪುಟ. ಬೇಡವಾದರೆ ಹೇಳು, ಪುಸ್ತಕ ಮುಚ್ಚುತ್ತೇನೆ."

ಇಡೀ ಪುಟ ಕಳಿಸಿ ಎಂದೆ. ಅಷ್ಟು ಹೇಳಲು ನನಗೆ ಹಿಡಿದ ಸಮಯ ನನಗೇ ಗೊತ್ತು.

"ಅವನ ಕೊನೆಯ ಪತ್ರದ ಲಕೋಟೆಯನ್ನೂ ಕಳಿಸುತ್ತೇನೆ. ಇದೊಂದರಲ್ಲಿ ವಿಳಾಸ ಅರಬ್ಬಿಯಲ್ಲಿ ಮಾತ್ರ ಇದೆ, ನನಗೆ ಓದಲು ಬರುವುದಿಲ್ಲ, ಉತ್ತರ ಹೋಗಲಿಲ್ಲ," ಎಂದಳು. ಅವಳ ದನಿ ಕೇಳಿದ್ದು ಅದೇ ಕೊನೆ.

ಸಂಜೆ ಎರಡು ಫೋಟೋಗಳು ಬಂದವು. ಹಳದಿ ಪುಟ, ಮೂಲೆಯಲ್ಲಿ ನೇರಳೆ ದುಂಡು ಮೊಹರು. ಶಾಯಿ ಹಳೆಯದಲ್ಲ. ಹಸಿಯಾಗಿ ಹೊಳೆಯುತ್ತಿತ್ತು, ಅಂಚಿನಲ್ಲಿ ಬೆರಳು ತಾಗಿ ಸ್ವಲ್ಪ ಕದಡಿತ್ತು. ದೃಢೀಕರಿಸಲೆಂದು ಅವಳು ಅದನ್ನು ಅವತ್ತೇ ಒತ್ತಿದ್ದಳು. ಮೂವತ್ತು ವರ್ಷದ ಹಿಂದೆ ನಾಶ ಮಾಡಬೇಕಿದ್ದ ಮೊಹರು ಇನ್ನೂ ಅವಳ ಕೈಯಲ್ಲಿತ್ತು. ಇನ್ನೊಂದು ಫೋಟೋದ ಲಕೋಟೆಯನ್ನು ಹಿಗ್ಗಿಸಿ, ಇಲ್ಲಿನ ರಸ್ತೆಯ ಬೋರ್ಡುಗಳಿಂದ ಕಲಿತ ಅಷ್ಟಿಷ್ಟು ಅರಬ್ಬಿಯಲ್ಲಿ ಓದಿದೆ. ದೋಹಾ. ಓಲ್ಡ್ ಏರ್‌ಪೋರ್ಟ್. ನಿಧಿಯ ಶಾಲೆಗೆ ಹೋಗುವ ರಸ್ತೆ. ಕೆಳಗೆ ಒಂದು ಮೊಬೈಲ್ ನಂಬರ್.

ಮಾರನೆಯ ದಿನ ಹಮೀದಣ್ಣನ ಮುಂದೆ ಕೂತು ಎಲ್ಲವನ್ನೂ ಹೇಳಿದೆ. ಅವನು ಟೈಪ್ ಮಾಡುವುದನ್ನು ನಿಲ್ಲಿಸಿ ನನ್ನನ್ನೇ ನೋಡಿದ. "ಅಲ್ಲ ಮಾರಾಯ್ರೆ, ಹನ್ನೆರಡು ಕಿಲೋಮೀಟರ್ ಆಚೆಯೂ ಇಲ್ಲ. ಇಷ್ಟು ವರ್ಷ ನೀವು ಎಂತ ಮಾಡ್ತಿದ್ರಿ?" ಅಂದ. ಈ ಸಲದ ಅಫಿಡವಿಟ್ಟಿನಲ್ಲಿ ಅವನ ಜಾಣತನ ಏನೂ ಇರಲಿಲ್ಲ, ನಡೆದದ್ದಷ್ಟೇ ಇತ್ತು. ಎರಡನೆಯ ಡಿಪ್ಲೊಮಾ ನನ್ನ ಬಳಿ ಇದೆ, ವಾರಸುದಾರರಿಗೆ ತಲುಪಿಸುತ್ತೇನೆ ಎಂದು ಕೊನೆಯ ಸಾಲು. ಪುಟವನ್ನೂ ಅದನ್ನೂ ಪಶ್ಚಿಮಕ್ಕೆ ಓಡಿಬಂದ ಸಂಸ್ಥೆಗೆ ಕಳಿಸಿದೆವು. ಮಾರ್ಚಿನ ಎರಡನೆಯ ವಾರ ಪೋರ್ಟಲ್ ಹಸಿರು ತೋರಿಸಿತು. ಶ್ರೀವತ್ಸ ಕೈಕುಲುಕಿದ. ನನಗೆ ಖುಷಿಯೇ ಆಗಲಿಲ್ಲ. ಸುದ್ದಿ ಹೇಳಲು ಗಲೀನಾಳ ನಂಬರಿಗೆ ಕರೆ ಮಾಡಿದೆ, ಅಂಥ ನಂಬರ್ ಚಾಲ್ತಿಯಲ್ಲಿಲ್ಲ ಎಂದಿತು. ಸಂಸ್ಥೆಯವರನ್ನು ವಿಚಾರಿಸಿದರೆ, ಆ ದಾಖಲೆ ಕೋಣೆ ಯುದ್ಧದ ಮೊದಲ ತಿಂಗಳಲ್ಲೇ ಸುಟ್ಟುಹೋಯಿತು ಎಂದುಕೊಂಡಿದ್ದೆವು, ಪುಟ ನಿಮಗೆ ಹೇಗೆ ಸಿಕ್ಕಿತು ಎಂದು ನನ್ನನ್ನೇ ಕೇಳಿದರು.

ಲಕೋಟೆಯ ಮೇಲಿದ್ದ ನಂಬರಿಗೆ ಕರೆ ಮಾಡಲು ನಿಧಿಯ ಪರೀಕ್ಷೆ ಮುಗಿಯುವವರೆಗೂ ನನಗೆ ಧೈರ್ಯ ಬರಲಿಲ್ಲ. ಎತ್ತಿದವಳು ಹನಾನ್, ಸಾಲಿಂನ ಮಗಳು. ಔಷಧಿ ಅಂಗಡಿಯಲ್ಲಿ ಕೆಲಸ. ನಾನು ಹೆಸರು ಹೇಳಿದೆ. "ಇಂಡಿಯನ್ ವಾಮನ್?" ಎಂದಳು. ಮನೆಗೆ ಬರಲು ಹೇಳಿದಳು.

ಶುಕ್ರವಾರ ಮಧ್ಯಾಹ್ನ ಹೋದೆ. ಎರಡು ಕೋಣೆಯ ಮನೆ. ಗೋಡೆಯ ಮೇಲೆ ಸಾಲಿಂನ ಫೋಟೋ, ನೆರೆತ ಗಡ್ಡ. ಹಿಂದಿನ ವರ್ಷ ರಂಜಾನ್ ಮುಗಿದ ಮೇಲೆ ತೀರಿಕೊಂಡನಂತೆ. ಹದಿನೆಂಟು ವರ್ಷ ಇಲ್ಲಿ ಶಾಲೆಯ ಬಸ್ಸು ಓಡಿಸಿದನಂತೆ. ಯಾವ ಶಾಲೆಯದು ಎಂದು ನಾನು ಕೇಳಲಿಲ್ಲ. ಕೇಳಲು ಬಾಯಿ ಬರಲಿಲ್ಲ, ಇವತ್ತಿಗೂ ಗೊತ್ತಿಲ್ಲ.

"ಅಪ್ಪ ನಿಜವಾಗಿ ಓದಿದ್ದರೇ?" ಎಂದು ಕೇಳಿದಳು ಹನಾನ್. "ನನ್ನ ಅಮ್ಮ ನಂಬಿರಲಿಲ್ಲ. ಅಲ್ಲಿಗೆ ಹೋಗಿ ಕುಡಿದು ಕುಣಿದು ಫೇಲಾಗಿ ಬಂದ ಎನ್ನುತ್ತಿದ್ದಳು. ಕೊನೆಗೆ ನಾನೂ ನಂಬುವುದನ್ನು ಬಿಟ್ಟೆ. ಆಸ್ಪತ್ರೆಗೆ ಸೇರಿಸುವಾಗ ಫಾರ್ಮ್ ತುಂಬುತ್ತಿದ್ದೆ. ಉದ್ಯೋಗದ ಕಡೆ ಇಂಜಿನಿಯರ್ ಎಂದು ಬರಿ ಅಂದರು. ಕಾರ್ಡಿನಲ್ಲಿ ಹಾಗಿಲ್ಲ ಬಾಬಾ ಎಂದು ಡ್ರೈವರ್ ಅಂತ ಬರೆದೆ. ಅಪ್ಪ ನೋಡುತ್ತಲೇ ಇದ್ದರು."

ನನಗಿಂತ ಚೆನ್ನಾಗಿ ಓದಿದವನು ಅವನು, ನನಗೆ ಪಾಠ ಹೇಳಿಕೊಟ್ಟವನು ಎಂದೆ. ತಪ್ಪು ನನ್ನದು ಎಂದೆ. ಅವಳು ನನ್ನನ್ನು ಬೈಯಲಿಲ್ಲ. ಬೈದಿದ್ದರೆ ಒಳ್ಳೆಯದಿತ್ತು. ಲಕೋಟೆಯನ್ನು ನನ್ನ ಕೈಯಿಂದ ತೆಗೆದುಕೊಂಡು, ಒಳಗಿನ ಕಡುನೀಲಿ ಡಿಪ್ಲೊಮಾ ಪುಸ್ತಿಕೆಯನ್ನು ತೆರೆದಳು. ಅಪ್ಪನ ಹೆಸರನ್ನೂ ಅವಳಿಗೆ ಓದಲಾಗಲಿಲ್ಲ, ಆ ಲಿಪಿ ಅವಳಿಗೆ ಗೊತ್ತಿಲ್ಲ. ನೇರಳೆ ಮೊಹರಿನ ಮೇಲೆ ಬೆರಳಾಡಿಸಿದಳು. ಆಮೇಲೆ ಪುಸ್ತಿಕೆಯನ್ನು ನನ್ನ ಕಡೆ ತಿರುಗಿಸಿ ಹಿಡಿದು, ಓದಿ ಎಂದಳು.

ನಾನು ಕನ್ನಡಕ ಹಾಕಿಕೊಂಡು, ಆ ದೇಶದ ಹೆಸರಿನಿಂದ ಶುರುಮಾಡಿ, ಅವನ ಹೆಸರು, ತಂದೆಯ ಹೆಸರು, ಇಸವಿ, ಎಲ್ಲವನ್ನೂ ರಷ್ಯನ್ನಿನಲ್ಲೇ ಗಟ್ಟಿಯಾಗಿ ಓದುತ್ತಾ ಹೋದೆ. ಅವಳಿಗೆ ಏನೂ ಅರ್ಥವಾಗುತ್ತಿರಲಿಲ್ಲ. ಕೊನೆಯ ಸಾಲಿನಲ್ಲಿ "ಇಂಝೆನ್ಯೆರ್" ಎಂಬ ಪದ ಬಂತು. ಅವಳು ತಟ್ಟನೆ ತಲೆಯೆತ್ತಿದಳು.

"ಆ ಪದ, ಇನ್ನೊಮ್ಮೆ," ಎಂದಳು. ಗೋಡೆಯ ಮೇಲಿನ ಫೋಟೋದ ಕಡೆ ತಿರುಗಿ ನಿಂತಳು.

ಇನ್ನೊಮ್ಮೆ ಓದಿದೆ.